ಇನಾರಿಯಲ್ಲಿ ಒಂದೇ ದಿನ ಇದೆ: ಚಳಿಗಾಲದ ಟೂರ್‌ನಲ್ಲಿ ಯಾವುದು ನಿಜವಾಗಿ ಆ ಊರಿನದು?

ತುಂಗಾತೀರ

ಎಲ್ಲರಿಗೂ ನಮಸ್ಕಾರ. ಮಾರ್ಚ್ ಮೊದಲ ವಾರ ಫಿನ್ಲೆಂಡಿಗೆ ಹೊರಟಿದ್ದೇವೆ. ನಾನು, ನಮ್ಮ ಯಜಮಾನರು, ಅತ್ತೆ. ಮೈದುನ ಹೆಲ್ಸಿಂಕಿಯಲ್ಲಿ ಕೆಲಸದಲ್ಲಿದ್ದಾನೆ, ಅವನ ಮನೆಯಲ್ಲಿ ಉಳಿದುಕೊಳ್ಳುತ್ತೇವೆ. ಅಲ್ಲಿಂದ ಉತ್ತರದ ಲ್ಯಾಪ್‌ಲ್ಯಾಂಡಿನ ಇನಾರಿ ಅನ್ನುವ ಊರಿಗೆ ಹೋಗುವ ಯೋಚನೆ. ಟೂರ್‌ಗೆ ಅಂತ ಸಿಗುವುದು ಒಂದೇ ದಿನ.

ಜಾಹೀರಾತು ನೋಡಿ ನೋಡಿ ತಲೆ ಕೆಟ್ಟಿದೆ. ಎಲ್ಲದರ ಮೇಲೂ 'ಸಾಂಪ್ರದಾಯಿಕ' ಅಂತ ಬರೆದಿರುತ್ತದೆ. ನಾಯಿ ಎಳೆಯುವ ಸ್ಲೆಡ್ಜ್ (ಹಿಮದ ಮೇಲೆ ಜಾರುವ ಬಂಡಿ), ಹಿಮಸಾರಂಗದ ಸ್ಲೆಡ್ಜ್, ಹೆಪ್ಪುಗಟ್ಟಿದ ಸರೋವರದಲ್ಲಿ ಮೀನು ಹಿಡಿಯುವುದು, ಹಿಮದ ಮೇಲೆ ಓಡುವ ಮೋಟಾರು ಬಂಡಿ ಸ್ನೋಮೊಬೈಲ್, ಇಗ್ಲೂ. ಕೆಲವರು ಇಷ್ಟನ್ನೂ ಒಂದೇ ದಿನದಲ್ಲಿ ಮಾಡಿಸುತ್ತಾರಂತೆ. ಅಲ್ಲಿನ ಜನ ಚಳಿಗಾಲ ಹೇಗೆ ಕಳೆಯುತ್ತಾರೆ ಅಂತ ಸ್ವಲ್ಪವಾದರೂ ಹತ್ತಿರದಿಂದ ನೋಡಬೇಕು ಅನ್ನುವುದು ನನ್ನ ಆಸೆ. ಇವುಗಳಲ್ಲಿ ಯಾವುದು ಆ ನೆಲದ್ದು, ಯಾವುದು ಪ್ರವಾಸಿಗರಿಗಾಗಿ ಬಂದದ್ದು?

ಅತ್ತೆಗೆ ಮಂಡಿನೋವಿದೆ. ಪಕ್ಕಾ ಸಸ್ಯಾಹಾರಿ. ಆದರೆ ನನಗಿಂತ ಅವರಿಗೇ ಹುರುಪು ಜಾಸ್ತಿ. ಹೋಗಿಬಂದವರು, ಅಲ್ಲಿರುವವರು ದಯವಿಟ್ಟು ಹೇಳಿ.

ಎಸ್ಪೂ ವಾಸಿ

ಅಕ್ಕ, ಇನಾರಿ ಆರಿಸಿದ್ದು ಒಳ್ಳೆಯದಾಯಿತು. ಹೆಚ್ಚಿನವರು ರೊವಾನಿಯೆಮಿಗೆ ಹೋಗಿ ಸಾಂಟಾ ಹಳ್ಳಿ ನೋಡಿ ವಾಪಸ್ ಬರುತ್ತಾರೆ. ಇನಾರಿ ಅಲ್ಲಿಂದ ರಸ್ತೆಯಲ್ಲಿ ಇನ್ನೂ ಸುಮಾರು 330 ಕಿಲೋಮೀಟರ್ ಉತ್ತರಕ್ಕಿದೆ. ಅದು ಸಾಮಿ ಜನರ ತಾಯಿನೆಲ. ನಾರ್ವೆ, ಸ್ವೀಡನ್, ಫಿನ್ಲೆಂಡ್, ರಷ್ಯಾ ಈ ನಾಲ್ಕು ದೇಶಗಳ ಉತ್ತರ ತುದಿಯಲ್ಲಿ ಹರಡಿಕೊಂಡಿರುವ ಮೂಲನಿವಾಸಿಗಳು ಅವರು. ಫಿನ್ಲೆಂಡಿನ ಸಾಮಿ ಸಂಸತ್ತು ಇರುವುದೂ ಇನಾರಿಯಲ್ಲೇ, ಸಾಯೋಸ್ ಅನ್ನುವ ಕಟ್ಟಡದಲ್ಲಿ. ಇನಾರಿ ಪುರಸಭೆಗೆ ನಾಲ್ಕು ಅಧಿಕೃತ ಭಾಷೆಗಳು: ಫಿನ್ನಿಶ್, ಉತ್ತರ ಸಾಮಿ, ಇನಾರಿ ಸಾಮಿ, ಸ್ಕೋಲ್ಟ್ ಸಾಮಿ. ಇಡೀ ಫಿನ್ಲೆಂಡಿನಲ್ಲಿ ಇಂಥ ಊರು ಇನ್ನೊಂದಿಲ್ಲ.

ಈಗ ನಿಮ್ಮ ಪ್ರಶ್ನೆ. ಇಗ್ಲೂ ಅಲ್ಲಿಯದಲ್ಲ. ಹಿಮದ ಇಟ್ಟಿಗೆ ಕಟ್ಟಿ ಮನೆ ಮಾಡುವುದು ಕೆನಡಾ, ಗ್ರೀನ್‌ಲ್ಯಾಂಡ್ ಕಡೆಯ ಇನುಯಿಟ್ ಜನರ ವಿದ್ಯೆ. ಲ್ಯಾಪ್‌ಲ್ಯಾಂಡಿನ ಗಾಜಿನ ಇಗ್ಲೂ ಹೋಟೆಲುಗಳು ಬಂದದ್ದು ಇತ್ತೀಚೆಗೆ. ಸಾಮಿ ಜನ ಉಳಿಯುತ್ತಿದ್ದದ್ದು ಕಂಬ ನಿಲ್ಲಿಸಿ ಸುತ್ತ ಬಟ್ಟೆ ಅಥವಾ ಚರ್ಮ ಹೊದಿಸಿದ ಲಾವ್ವು ಡೇರೆಯಲ್ಲಿ, ಇಲ್ಲವೇ ಮರ ಮತ್ತು ಹುಲ್ಲುಹೆಂಟೆಯ ಗುಡಿಸಲಲ್ಲಿ. ನಡುವೆ ಬೆಂಕಿ, ಮೇಲೆ ಹೊಗೆಗಂಡಿ.

ನಾಯಿಬಂಡಿಯೂ ಅಲ್ಲಿಯ ಹಳೆಯ ಪದ್ಧತಿಯಲ್ಲ. ಸಾಮಿ ಜನರ ನಾಯಿ ಹಿಮಸಾರಂಗದ ಹಿಂಡು ಕಾಯುವ ನಾಯಿ. ಬಂಡಿ ಎಳೆಯುವ ಹಸ್ಕಿಗಳು ಬೇರೆ ಕಡೆಯಿಂದ ಓಟದ ಕ್ರೀಡೆಯ ಜೊತೆ ಬಂದವು. ಆಮೇಲೆ ಪ್ರವಾಸೋದ್ಯಮ ಅವನ್ನು ಬೆಳೆಸಿತು.

ಹಾಗಾದರೆ ಯಾವುದು ಅಲ್ಲಿಯದು? ಹಿಮಸಾರಂಗ ಸಾಕಣೆ, ಮಂಜುಗಡ್ಡೆ ಕೆಳಗಿನ ಮೀನುಗಾರಿಕೆ, ಸ್ಕೀ. ಸ್ಕೀ ಅಂದರೆ ಸುಮ್ನೆ ಆಟ ಅಂದುಕೊಳ್ಳಬೇಡಿ. 1924ರಲ್ಲಿ ಉತ್ತರ ಸ್ವೀಡನ್ನಿನ ಕಾಲ್ವ್‌ಟ್ರಾಸ್ಕ್ ಹತ್ತಿರ ಜೌಗುನೆಲದಲ್ಲಿ ಸಿಕ್ಕ ಸ್ಕೀ ಐದು ಸಾವಿರ ವರ್ಷಕ್ಕಿಂತ ಹಳೆಯದು. ಆ ನಾಡಿನಲ್ಲಿ ಚಳಿಗಾಲದ ಓಡಾಟ ನಡೆದದ್ದೇ ಅದರ ಮೇಲೆ.

ನನ್ನ ಸಲಹೆ ಇಷ್ಟೇ. ಎಲ್ಲವನ್ನೂ ಒಂದೇ ದಿನ ಮಾಡಿಸುವ ಪ್ಯಾಕೇಜ್ ಬಿಡಿ. ಅದರಲ್ಲಿ ಅರ್ಧ ದಿನ ವ್ಯಾನಿನಲ್ಲೇ ಕಳೆಯುತ್ತದೆ, ಬಟ್ಟೆ ಹಾಕುವುದು ಬಿಚ್ಚುವುದರಲ್ಲಿ ಇನ್ನಷ್ಟು. ಒಂದೋ ಹಿಮಸಾರಂಗ ಸಾಕುವ ಮನೆಗೆ ಹೋಗಿ, ಇಲ್ಲ ಸರೋವರಕ್ಕೆ ಹೋಗಿ. ಇವತ್ತಿಗೂ ಅದೇ ಕೆಲಸ ಮಾಡಿ ಬದುಕುವವರ ಜೊತೆ ಇಡೀ ದಿನ ಇರಿ.

ಕ್ಯಾಮೆರಾ ಚೀಲ

ಎಸ್ಪೂ ವಾಸಿ ಸರ್, ನಿಮ್ಮ ಮಾಹಿತಿ ಸರಿ. ಆದರೆ ನಾಯಿಬಂಡಿಯನ್ನು ಇಷ್ಟು ಸುಲಭವಾಗಿ ತಳ್ಳಿಹಾಕಬಾರದು ಅನಿಸುತ್ತದೆ. ನಾನು ಇನಾರಿಗಿಂತ ಸ್ವಲ್ಪ ದಕ್ಷಿಣದ ಇವಾಲೊ ಅನ್ನುವ ಊರಿನ ಹತ್ತಿರ ಹೋಗಿದ್ದೆ. ಹೊರಡುವ ಮೊದಲು ನಾಯಿಗಳು ಬೊಗಳಿ ಕುಣಿದು ಇಡೀ ಕಾಡನ್ನೇ ಎಬ್ಬಿಸುತ್ತವೆ. ಹಗ್ಗ ಬಿಚ್ಚಿದ ಕ್ಷಣ ಎಲ್ಲ ಗಪ್‌ಚಿಪ್. ಓಡುವುದಷ್ಟೇ. ಹಿಂದೆ ನಿಂತು ಬ್ರೇಕ್ ಒತ್ತುವುದು ನಾವೇ, ಏರು ಬಂದರೆ ಇಳಿದು ತಳ್ಳುವುದೂ ನಾವೇ. ಮೈಬಗ್ಗಿಸಿ ಮಾಡುವ ಕೆಲಸ ಅದು. ಹಿಮಸಾರಂಗದ ಬಂಡಿಯಲ್ಲಿ ಕಂಬಳಿ ಹೊದ್ದು ಕೂರುವುದು ಬಿಟ್ಟು ಬೇರೇನಿದೆ?

ಪರಂಪರೆ ಹೌದೋ ಅಲ್ಲವೋ, ಆ ನಾಯಿಗಳನ್ನು ಸಾಕುವವರ ದುಡಿಮೆ ಸುಳ್ಳಲ್ಲ. ಬೆಳಿಗ್ಗೆ ಮಾಂಸದ ಗಂಜಿ ಕಾಯಿಸುವುದು, ನೂರಾರು ಪಾದ ನೋಡಿ ಗಾಯವಾದದ್ದಕ್ಕೆ ಕಾಲುಚೀಲ ಕಟ್ಟುವುದು, ಎಲ್ಲ ನೋಡಿದೆ. ಸಾಕಣೆ ಕೇಂದ್ರ ಆರಿಸುವಾಗ ಎರಡು ಮಾತು ಕೇಳಿ. ಬೇಸಿಗೆಯಲ್ಲಿ ನಾಯಿಗಳು ಏನು ಮಾಡುತ್ತವೆ? ವಯಸ್ಸಾದ ಮೇಲೆ ಎಲ್ಲಿರುತ್ತವೆ? ನೇರವಾಗಿ ಉತ್ತರ ಕೊಡುವವರ ಹತ್ತಿರವೇ ಹೋಗಿ.

ಎಸ್ಪೂ ವಾಸಿ

ಒಪ್ಪಿದೆ. ನಾಯಿಬಂಡಿ ಮಾಡಬಾರದು ಅಂತ ನಾನು ಹೇಳುತ್ತಿಲ್ಲ. ಅದನ್ನು ಸಾಮಿ ಜನರ ಪರಂಪರೆ ಅಂತ ಮಾರಬಾರದು, ಅಷ್ಟೇ. ನಾಯಿಬಂಡಿಯನ್ನು ಅದರ ಸ್ವಂತ ಮನೆಯಲ್ಲಿ ನೋಡಬೇಕಾದರೆ ಗ್ರೀನ್‌ಲ್ಯಾಂಡಿಗೆ ಹೋಗಬೇಕು. ಪಶ್ಚಿಮ ಕರಾವಳಿಯಲ್ಲಿ ಆರ್ಕ್‌ಟಿಕ್ ವೃತ್ತದ ಉತ್ತರಕ್ಕೆ ಬೇರೆ ಜಾತಿಯ ನಾಯಿಯನ್ನೇ ತರುವಂತಿಲ್ಲ ಅಂತ ಅಲ್ಲಿ ಕಾನೂನಿದೆ. ಗ್ರೀನ್‌ಲ್ಯಾಂಡ್ ನಾಯಿಯ ತಳಿ ಕೆಡಬಾರದು ಅಂತ. ಬೇಟೆಗೆ, ಮೀನಿಗೆ ಅಲ್ಲಿ ಈಗಲೂ ನಾಯಿಬಂಡಿ ಹೂಡುತ್ತಾರೆ.

ಇನ್ನೊಂದು ವಿಷಯ. ಸ್ನೋಮೊಬೈಲ್ ಅಂದರೆ ಆಧುನಿಕ, ಸ್ಲೆಡ್ಜ್ ಅಂದರೆ ಸಾಂಪ್ರದಾಯಿಕ ಅಂತ ನಾವು ಅಂದುಕೊಳ್ಳುತ್ತೇವೆ. ಆದರೆ 1960ರ ದಶಕದಿಂದಲೇ ಹಿಮಸಾರಂಗ ಕಾಯುವವರು ಸ್ನೋಮೊಬೈಲ್ ಓಡಿಸುತ್ತಿದ್ದಾರೆ. ಈಗ ಕೊರಳಿಗೆ ಜಿಪಿಎಸ್ ಪಟ್ಟಿ, ಹಿಂಡು ಹುಡುಕಲು ಡ್ರೋನ್ ಕೂಡ ಬಂದಿದೆ. ನಿತ್ಯದ ಓಡಾಟಕ್ಕೆ ಹಿಮಸಾರಂಗ ಹೂಡುವವರು ಈಗ ಇಲ್ಲವೆಂದೇ ಹೇಳಬೇಕು. ಹಾಗಾಗಿ ಒಬ್ಬ ಸಾಕಣೆಗಾರ ನಿಮ್ಮನ್ನು ಸ್ನೋಮೊಬೈಲ್ ಹಿಂದಿನ ಗಾಡಿಯಲ್ಲಿ ಕೂರಿಸಿಕೊಂಡು ಮೇವು ಹಾಕಲು ಕಾಡಿಗೆ ಹೋದರೆ, ಅದೇ ಅವರ ಇವತ್ತಿನ ಬದುಕು.

ಕೊಡಗಿನ ಕಾಫಿ

ನಾನು ಇನಾರಿ ಕಡೆ ಅಂಥದ್ದೇ ಒಂದು ಮನೆಗೆ ಹೋಗಿದ್ದೆ. ಸ್ವಲ್ಪ ವಿವರವಾಗಿ ಬರೆಯುತ್ತೇನೆ, ಯಾಕೆಂದರೆ ಕ್ಯಾಮೆರಾ ಚೀಲ ಅವರು ಕೇಳಿದ 'ಬೇರೇನಿದೆ' ಅನ್ನುವುದಕ್ಕೆ ಉತ್ತರ ಅಲ್ಲಿದೆ.

ನಮ್ಮದು ಸಣ್ಣ ಗುಂಪು. ಹೋದ ಕೂಡಲೇ ಸ್ಲೆಡ್ಜ್ ಹತ್ತಿಸಲಿಲ್ಲ. ಮೊದಲು ಕೈಗೆ ಒಂದೊಂದು ಬಕೆಟ್ ಕೊಟ್ಟರು. ಅದರಲ್ಲಿ ಒಣಗಿಸಿದ ಕಲ್ಲುಹೂವು. ನಮ್ಮ ಮಸಾಲೆ ಡಬ್ಬಿಯಲ್ಲಿರುವ ಕಲ್ಲುಹೂವಿನ ಬಳಗದ್ದೇ, ಆದರೆ ಬಿಳಿಬೂದು ಬಣ್ಣದ ಮೆತ್ತನೆ ಪೊದೆಯ ಹಾಗೆ ನೆಲದ ಮೇಲೆ ಬೆಳೆಯುವ ಜಾತಿ. ಚಳಿಗಾಲದಲ್ಲಿ ಹಿಮಸಾರಂಗಕ್ಕೆ ಮುಖ್ಯ ಆಹಾರವೇ ಅದು. ಹಿಮದ ಕೆಳಗೆ ಅದರ ವಾಸನೆ ಹಿಡಿದು ಮುಂಗಾಲಿನಿಂದ ಕೆರೆದು ತಿನ್ನುತ್ತದೆ. ಕಲ್ಲುಹೂವು ವರ್ಷಕ್ಕೆ ಬೆಳೆಯುವುದು ಕೆಲವೇ ಮಿಲಿಮೀಟರ್. ಒಂದು ಜಾಗ ಮೇಯ್ದು ಖಾಲಿಯಾದರೆ ಮತ್ತೆ ತುಂಬಲು ದಶಕಗಳೇ ಬೇಕು. ಅದಕ್ಕೇ ಹಿಂಡು ಜಾಗ ಬದಲಿಸುತ್ತಲೇ ಇರಬೇಕು, ಅದಕ್ಕೇ ಇವರಿಗೆ ಅಷ್ಟು ದೊಡ್ಡ ಕಾಡು ಬೇಕು. ಈ ಒಂದು ಮಾತು ಗೊತ್ತಾದ ಮೇಲೆ ಗಣಿ, ರಸ್ತೆ, ಮರ ಕಡಿಯುವುದಕ್ಕೆ ಅವರು ಯಾಕೆ ವಿರೋಧ ಮಾಡುತ್ತಾರೆ ಅನ್ನುವುದು ತಾನಾಗಿ ಅರ್ಥವಾಯಿತು.

ಆ ಮನೆಯ ಯಜಮಾನಿ ಹೇಳಿದ ದೊಡ್ಡ ಕಷ್ಟ ಚಳಿಯದಲ್ಲ, ಮಳೆಯದು. ಚಳಿಗಾಲದ ನಡುವೆ ಒಮ್ಮೊಮ್ಮೆ ಬಿಸಿ ಏರಿ ಮಳೆ ಬೀಳುತ್ತದೆ. ಮತ್ತೆ ಚಳಿ ಬಂದಾಗ ಹಿಮದ ಮೇಲೆ, ನೆಲದ ಹತ್ತಿರ, ಗಟ್ಟಿ ಐಸಿನ ಪದರ ಕಟ್ಟುತ್ತದೆ. ಕೆಳಗೆ ಮೇವು ಇದ್ದರೂ ಗೊರಸಿನಿಂದ ಒಡೆಯಲು ಆಗುವುದಿಲ್ಲ. ಆಗ ಹುಲ್ಲು, ಹಿಂಡಿ ಕೊಂಡು ತಂದು ಹಾಕಬೇಕು. ಹವಾಮಾನ ಬದಲಾದ ಹಾಗೆ ಈ ಕಾಟ ಜಾಸ್ತಿಯಾಗಿದೆ, ಖರ್ಚು ತಡೆಯಲು ಆಗುತ್ತಿಲ್ಲ ಅಂತ ಬಹಳ ಹೊತ್ತು ಹೇಳಿದರು. ಈ ಮಾತು ಯಾವ ಜಾಹೀರಾತಿನಲ್ಲೂ ಇರಲಿಲ್ಲ.

ಮೇವು ಹಾಕುವಾಗ ಹತ್ತಿರದಿಂದ ನೋಡಿ. ನಡೆಯುವಾಗ ಕಾಲಿನಿಂದ ಟಿಕ್ ಟಿಕ್ ಸದ್ದು ಬರುತ್ತದೆ. ಪಾದದ ಸ್ನಾಯುರಜ್ಜು, ಅಂದರೆ ಸ್ನಾಯುವನ್ನು ಎಲುಬಿಗೆ ಕಟ್ಟುವ ಹುರಿ, ಎಲುಬಿನ ಮೇಲೆ ಜಾರುವ ಸದ್ದು ಅದು. ಕಣ್ಣಿನ ಹಿಂಭಾಗದ ಪದರ ಬೇಸಿಗೆಯಲ್ಲಿ ಬಂಗಾರದ ಬಣ್ಣ, ಚಳಿಗಾಲದಲ್ಲಿ ನೀಲಿ. ಕತ್ತಲಲ್ಲಿ ಬೆಳಕು ಹೀರಿಕೊಳ್ಳಲು. ಕೊಂಬು ಹೆಣ್ಣಿಗೂ ಬರುತ್ತದೆ. ದೊಡ್ಡ ಗಂಡುಗಳು ಬೆದೆ ಮುಗಿದ ಮೇಲೆ ಚಳಿಗಾಲ ಶುರುವಾಗುವ ಹೊತ್ತಿಗೆ ಕೊಂಬು ಕಳಚುತ್ತವೆ. ಹೆಣ್ಣುಗಳು ಮೇ ಹೊತ್ತಿಗೆ ಮರಿ ಹಾಕುವ ತನಕ ಉಳಿಸಿಕೊಳ್ಳುತ್ತವೆ. ಬಸುರಿಗೆ ಮೇವಿನ ಗುಂಡಿಯಿಂದ ಬೇರೆಯವರನ್ನು ಓಡಿಸಲು ಆಯುಧ ಬೇಕಲ್ವಾ.

ಸ್ಲೆಡ್ಜ್‌ಗೆ ಹೂಡುವುದು ಬೀಜ ಒಡೆಸಿದ, ವರ್ಷಗಟ್ಟಲೆ ಪಳಗಿಸಿದ ಗಂಡನ್ನು. ಓಟ ಏನಿಲ್ಲ, ನಡಿಗೆ. ಒಂದರ ಹಿಂದೆ ಒಂದು ಕಟ್ಟಿ ಕಾಡೊಳಗೆ ನಿಧಾನವಾಗಿ ಕರೆದುಕೊಂಡು ಹೋಗುತ್ತಾರೆ. ಮೈ ಸವರಲು ಹೋಗಬೇಡಿ, ಅವಕ್ಕೆ ಇಷ್ಟವಾಗುವುದಿಲ್ಲ. ಕೊಂಬಂತೂ ಮುಟ್ಟಲೇಬಾರದು.

ಆಮೇಲೆ ಹಗ್ಗ ಎಸೆಯುವುದು ಕಲಿಸಿದರು. ಕುಣಿಕೆ ಹಗ್ಗವನ್ನು ಕೈಯಲ್ಲಿ ಸುರುಳಿ ಸುತ್ತಿ, ಕಂಬಕ್ಕೆ ಕಟ್ಟಿದ ಕೊಂಬಿನ ಮೇಲೆ ಬೀಳುವ ಹಾಗೆ ಎಸೆಯಬೇಕು. ನೋಡಲು ಆಟ. ಆದರೆ ಹಿಂಡು ಬೇರ್ಪಡಿಸುವ ದಿನ ನೂರಾರು ಪ್ರಾಣಿ ಸುತ್ತ ಓಡುವಾಗ ತಮ್ಮದನ್ನು ಗುರುತಿಸಿ ಅದರ ಕೊಂಬಿಗೇ ಹಾಕಬೇಕು. ಗುರುತು ಇರುವುದು ಕಿವಿಯಲ್ಲಿ. ಪ್ರತಿ ಒಡೆಯರಿಗೂ ಕಿವಿಯಂಚಿನ ಕತ್ತರಿಸಿದ ವಿನ್ಯಾಸ ಬೇರೆ. ಅದು ನೋಂದಣಿಯಾಗಿರುತ್ತದೆ.

ಒಂದು ಪ್ರಶ್ನೆ ಮಾತ್ರ ಕೇಳಬೇಡಿ: ನಿಮ್ಮ ಹತ್ತಿರ ಎಷ್ಟು ಹಿಮಸಾರಂಗ ಇವೆ ಅಂತ. ಬ್ಯಾಂಕಿನಲ್ಲಿ ಎಷ್ಟು ದುಡ್ಡಿದೆ ಅಂತ ಕೇಳಿದ ಹಾಗಾಗುತ್ತದೆ ಅವರಿಗೆ.

ಗಂಗೊಳ್ಳಿ ಅಲೆ

ಮೀನಿನ ವಿಷಯ ನಾನು ಹೇಳುತ್ತೇನೆ. ಊರಲ್ಲಿ ರಂಪಣಿ ಬಲೆ ಎಳೆಯುವುದು ನೋಡಿಕೊಂಡೇ ಬೆಳೆದವನು, ಈಗ ಫಿನ್ಲೆಂಡಿನ ಔಲು ಪಟ್ಟಣದಲ್ಲಿದ್ದೇನೆ. ಹಾಗಾಗಿ ಮಂಜುಗಡ್ಡೆ ಮೇಲಿನ ಮೀನುಗಾರಿಕೆ ಅಂದರೆ ನನಗೆ ತಡೆಯದ ಕುತೂಹಲ.

ಟೂರ್‌ನವರು ಸಾಮಾನ್ಯವಾಗಿ ಮಾಡಿಸುವುದು ಗಾಳ. ಕೈಯಿಂದ ತಿರುಗಿಸುವ ದೊಡ್ಡ ಡ್ರಿಲ್‌ನಲ್ಲಿ ಐಸ್ ಕೊರೆದು, ತೂತಿನಲ್ಲಿ ಗೇಣುದ್ದದ ಕೋಲಿನ ಗಾಳ ಬಿಟ್ಟು, ಹಿಮಸಾರಂಗದ ಚರ್ಮದ ಮೇಲೆ ಕೂತು ಮೇಲೆ ಕೆಳಗೆ ಆಡಿಸುತ್ತಿರುವುದು. ಫಿನ್ಲೆಂಡಿನಲ್ಲಿ ಹೀಗೆ ಗಾಳ ಹಾಕಲು ಹೆಚ್ಚಿನ ಕಡೆ ಪರವಾನಗಿಯೇ ಬೇಡ, ಎಲ್ಲರಿಗೂ ಹಕ್ಕಿದೆ. ಕೆಲವು ಹೊಳೆಗಳ ರಭಸದ ಜಾಗಗಳಿಗೆ ಮಾತ್ರ ನಿರ್ಬಂಧ. ಮೀನು ಸಿಗಬಹುದು, ಸಿಗದೆಯೂ ಇರಬಹುದು.

ಆದರೆ ಇನಾರಿ ಸಾಮಿ ಜನ ಮೊದಲಿನಿಂದ ಸರೋವರದ ಮೀನುಗಾರರು. ಅವರ ಚಳಿಗಾಲದ ನಿಜವಾದ ಕೆಲಸ ಬಲೆ. ಸಾಧ್ಯವಾದರೆ ಅದನ್ನು ನೋಡಲೇಬೇಕು. ಇನಾರಿ ಸರೋವರ ಸಾವಿರ ಚದರ ಕಿಲೋಮೀಟರಿಗಿಂತ ದೊಡ್ಡದು, ಒಳಗೆ ಸಾವಿರಾರು ದ್ವೀಪಗಳು. ಮಾರ್ಚ್ ಹೊತ್ತಿಗೆ ಮೇಲೆ ಅರ್ಧ ಮೀಟರಿಗಿಂತ ದಪ್ಪ ಐಸ್. ಅದರ ಕೆಳಗೆ ಬಲೆ ಹರಡುವುದು ಹೇಗೆ?

ಮೊದಲು ಒಂದು ದೊಡ್ಡ ತೂತು. ಅದರೊಳಗೆ ಒಂದು ಹಲಗೆ ಇಳಿಸುತ್ತಾರೆ. ಹಲಗೆ ತೇಲಿ ಐಸಿನ ಅಡಿಭಾಗಕ್ಕೆ ಒತ್ತಿಕೊಳ್ಳುತ್ತದೆ. ಅದಕ್ಕೆ ಒಂದು ಸನ್ನೆಕೋಲು, ಒಂದು ಹಗ್ಗ. ಹಗ್ಗ ಎಳೆದು ಬಿಟ್ಟ ಹಾಗೆಲ್ಲ ಸನ್ನೆಕೋಲು ಐಸಿಗೆ ಒದ್ದು ಹಲಗೆ ಒಂದೊಂದೇ ಹೆಜ್ಜೆ ಮುಂದೆ ಹೋಗುತ್ತದೆ. ಮೇಲೆ ಒಬ್ಬರು ಅದರ ಸದ್ದಿಗೆ ಕಿವಿಗೊಟ್ಟು ಹಿಮದ ಮೇಲೆ ಜೊತೆಗೇ ನಡೆಯುತ್ತಾರೆ. ಬೇಕಾದಷ್ಟು ದೂರ ಹೋದ ಮೇಲೆ ಅಲ್ಲಿ ಇನ್ನೊಂದು ತೂತು ಮಾಡಿ ಹಗ್ಗದ ತುದಿ ಹಿಡಿಯುತ್ತಾರೆ. ಇದಕ್ಕೂ ಹಿಂದಿನ ಕಾಲದಲ್ಲಿ ಉದ್ದನೆಯ ಗಳವನ್ನು ಒಂದು ತೂತಿನಿಂದ ಇನ್ನೊಂದಕ್ಕೆ ತಳ್ಳುತ್ತಾ ಹೋಗುತ್ತಿದ್ದರು. ಒಮ್ಮೆ ಹಗ್ಗ ದಾಟಿದರೆ ಅದಕ್ಕೆ ಬಲೆ ಕಟ್ಟಿ ಎಳೆದುಕೊಳ್ಳುವುದು. ಆಮೇಲೆ ಬಲೆ ನೋಡುವಾಗಲೂ ಹಾಗೇ. ಒಂದು ಕಡೆಯಿಂದ ಬಲೆ ಎಳೆಯುವಾಗ ಇನ್ನೊಂದು ತುದಿಗೆ ಹಗ್ಗ ಕಟ್ಟಿರುತ್ತಾರೆ. ಮೀನು ಬಿಡಿಸಿ ಮತ್ತೆ ಅದೇ ಹಗ್ಗ ಹಿಡಿದು ಬಲೆಯನ್ನು ಒಳಗೆ ಸೆಳೆಯುತ್ತಾರೆ.

ನಾನು ಬೆರಗಾಗಿ ನಿಂತದ್ದು ಅವರ ಕೈ ನೋಡಿ. ಮೈನಸ್ 20ರಲ್ಲಿ ಬರಿಗೈ. ದಪ್ಪ ಕೈಗವಸಿನಲ್ಲಿ ಮೀನಿನ ಕಿವಿರು ಬಿಡಿಸಲು ಆಗುವುದಿಲ್ಲ. ನೀರು ಗಾಳಿಗಿಂತ ಬೆಚ್ಚಗಿರುತ್ತದೆ, ಅದಕ್ಕೇ ಆಗಾಗ ಕೈಯನ್ನು ನೀರಿಗೆ ಅದ್ದುತ್ತಾರೆ. ಬಲೆ ಮೇಲೆ ಬಂದ ಕೂಡಲೇ ಕಡ್ಡಿಯ ಹಾಗೆ ಗಟ್ಟಿಯಾಗುತ್ತದೆ, ಹಾಗಾಗಿ ಕೆಲಸ ಬೇಗ ಬೇಗ ಮುಗಿಸಬೇಕು. ಸಿಗುವುದು ಬಿಳಿಮೀನು, ಟ್ರೌಟ್, ಆರ್ಕ್‌ಟಿಕ್ ಚಾರ್. ನಡುಚಳಿಗಾಲದಲ್ಲಿ ಮೊಟ್ಟೆಯಿಡುವ ಬರ್ಬಟ್ ಅನ್ನುವ ಮೀನೂ ಸಿಗುತ್ತದೆ.

ಇಂಥ ಟೂರ್ ಕಡಿಮೆ. ಆದರೆ ಸ್ಥಳೀಯ ಮೀನುಗಾರರು ಕೆಲವರು ಕರೆದುಕೊಂಡು ಹೋಗುತ್ತಾರೆ. ಬುಕ್ ಮಾಡುವಾಗ 'ಬಲೆ ನೋಡಲು ಹೋಗುತ್ತೀರಾ' ಅಂತ ಕೇಳಿ.

ಹಾಸನದ ಹುಡುಗ

ಓದಿ ಖುಷಿಯಾಯಿತು ಗಂಗೊಳ್ಳಿ ಅಣ್ಣ. ನನ್ನದೊಂದು ಪ್ರಶ್ನೆ. ಸರೋವರದ ಮೇಲೆ ನಡೆಯುವುದು ಅಪಾಯ ಅಲ್ವಾ? ವಯಸ್ಸಾದವರನ್ನು ಕರೆದುಕೊಂಡು ಹೋಗುತ್ತಿದ್ದಾರೆ, ಅದಕ್ಕೇ ಕೇಳಿದೆ.

ಗಂಗೊಳ್ಳಿ ಅಲೆ

ಒಬ್ಬರು ನಡೆಯಲು ಕನಿಷ್ಠ 5 ಸೆಂಟಿಮೀಟರ್ ಗಟ್ಟಿ ಐಸ್ ಬೇಕು ಅಂತ ಇಲ್ಲಿನ ಸೂಚನೆ. ಸ್ನೋಮೊಬೈಲ್‌ಗೆ 15. ಮಾರ್ಚ್ ಮೊದಲ ವಾರ ಇನಾರಿಯಲ್ಲಿ ಅದರ ಎಷ್ಟೋ ಪಟ್ಟು ದಪ್ಪ ಇರುತ್ತದೆ. ಆದರೆ ಇದು ಸರೋವರದ ನಡುವಿನ ಲೆಕ್ಕ. ಹೊಳೆ ಸೇರುವ ಜಾಗ, ಇಕ್ಕಟ್ಟಾದ ನೀರಿನ ದಾರಿ, ಸೇತುವೆಯ ಕೆಳಗೆ, ಜೊಂಡಿನ ಹತ್ತಿರ ಐಸ್ ತೆಳ್ಳಗಿರುತ್ತದೆ. ಮೇಲೆ ಹಿಮ ಮುಚ್ಚಿರುವುದರಿಂದ ಕಣ್ಣಿಗೆ ವ್ಯತ್ಯಾಸ ಗೊತ್ತಾಗುವುದಿಲ್ಲ. ಮಾರ್ಗದರ್ಶಿ ಹೋದ ಜಾಡಿನಲ್ಲೇ ಹೋಗಿ. ಫೋಟೋಗೆ ಅಂತ ಆಚೀಚೆ ಹೋಗುವುದು ಬೇಡ.

ಇಲ್ಲಿನವರು ಕೊರಳಿಗೆ ಎರಡು ಮೊನಚು ಹಿಡಿಗಳನ್ನು ನೇತುಹಾಕಿಕೊಂಡಿರುತ್ತಾರೆ. ನೀರಿಗೆ ಬಿದ್ದರೆ ಅದನ್ನು ಐಸಿಗೆ ಚುಚ್ಚಿ ಮೈ ಎಳೆದುಕೊಂಡು ಮೇಲೆ ಬರಲು. ಇದಿಲ್ಲದಿದ್ದರೆ ಒದ್ದೆ ಐಸಿನ ಮೇಲೆ ಕೈ ಜಾರುತ್ತಲೇ ಇರುತ್ತದೆ.

ಬೆಳವಾಡಿ ಮನೆ

ಸಸ್ಯಾಹಾರದ ವಿಷಯ ಯಾರೂ ಹೇಳಲಿಲ್ಲ, ನಾನು ಹೇಳುತ್ತೇನೆ. ನಮ್ಮದೂ ಶುದ್ಧ ಸಸ್ಯಾಹಾರಿ ಮನೆ.

ಇಂಥ ಟೂರ್‌ಗಳಲ್ಲಿ ಊಟ ಅಂದರೆ ಸಾಲ್ಮನ್ ಮೀನಿನ ಸೂಪ್ ಅಥವಾ ಹಿಮಸಾರಂಗದ ಮಾಂಸ. ಬೆಂಕಿಯ ಮೇಲೆ ಸುಡಲು ಕೊಡುವುದು ಸಾಸೇಜ್, ಅದೂ ಮಾಂಸವೇ. ಬುಕ್ ಮಾಡುವಾಗಲೇ ಬರೆದು ತಿಳಿಸಿದರೆ ತರಕಾರಿ ಸೂಪ್ ಮಾಡಿಕೊಡುತ್ತಾರೆ. ಮೀನೂ ಬೇಡ ಅಂತ ಬೇರೆಯಾಗಿಯೇ ಬರೆಯಿರಿ. ಅತ್ತೆಯವರಿಗೆ ಇಷ್ಟವಾಗುವುದು ಲೇಯ್ಪಾಯೂಸ್ಟೊ ಅನ್ನುವ ಗಿಣ್ಣು, ಅಂದರೆ ಚೀಸ್. ಬೆಂಕಿಯಲ್ಲಿ ಸುಟ್ಟು ಮೇಲೆ ಕಂದು ಚುಕ್ಕೆ ಬಂದಿರುತ್ತದೆ. ಹಲ್ಲಿಗೆ ಸಿಕ್ಕಿದರೆ ಕೀಚ್ ಅನ್ನುತ್ತದೆ. ಜೊತೆಗೆ ಕ್ಲೌಡ್‌ಬೆರಿ ಜಾಮ್. ಲ್ಯಾಪ್‌ಲ್ಯಾಂಡಿನಲ್ಲಿ ಅದರ ತುಂಡನ್ನು ಬಿಸಿ ಕಾಫಿಯೊಳಗೇ ಹಾಕಿಕೊಂಡು ಕುಡಿಯುತ್ತಾರೆ. ಆದರೆ ಈ ಚೀಸ್ ಮಾಡಲು ಹಾಲು ಒಡೆಸುವ ರೆನ್ನೆಟ್ ಕರುವಿನ ಹೊಟ್ಟೆಯದೂ ಆಗಿರಬಹುದು. ಪಕ್ಕಾ ಪಾಲಿಸುವವರು ಕೇಳಿಕೊಂಡು ತಿನ್ನಿ. ಚಪಾತಿ, ಚಟ್ನಿಪುಡಿ, ಕೋಡುಬಳೆ ಕಟ್ಟಿಕೊಂಡು ಹೋಗಿ. ಚಳಿಯಲ್ಲಿ ಹಸಿವು ಜಾಸ್ತಿ.

ತುಂಗಾತೀರ

ಎಷ್ಟು ವಿವರ! ಎಲ್ಲರಿಗೂ ಧನ್ಯವಾದ. ಅತ್ತೆಗೆ ಓದಿ ಹೇಳಿದೆ. ಬಲೆಯ ಹಲಗೆ ವಿಷಯ ಎರಡು ಸಲ ಓದಿಸಿಕೊಂಡರು.

ಎರಡು ಸಂಶಯ. ಬಟ್ಟೆ ಹೇಗಿರಬೇಕು? ಅತ್ತೆಗೆ ಮೂಗುತಿ ಇದೆ, ಬಳೆ ಇದೆ. ಇನ್ನೊಂದು, ಅಲ್ಲಿಯವರ ಬಣ್ಣದ ಉಡುಪು ಹಾಕಿಸಿ ಫೋಟೋ ತೆಗೆಸುವ ಟೂರ್ ಒಂದು ಕಂಡಿತು. ಅದು ಸರಿಯಾ?

ಕೊಡಗಿನ ಕಾಫಿ

ಹೊರಗಿನ ದಪ್ಪ ಓವರಾಲ್, ಬೂಟು, ಕೈಗವಸು ಟೂರ್‌ನವರೇ ಕೊಡುತ್ತಾರೆ. ಒಳಗಿನದು ನಿಮ್ಮ ಜವಾಬ್ದಾರಿ. ಮೈಗೆ ತಾಗುವ ಪದರ ಉಣ್ಣೆಯದಿರಲಿ. ಹತ್ತಿ ಬನಿಯನ್, ಹತ್ತಿ ಕಾಲುಚೀಲ ಬೇಡವೇ ಬೇಡ. ಬೆವರು ಹೀರಿ ಒದ್ದೆಯಾಗಿಯೇ ಉಳಿಯುತ್ತದೆ, ಆಮೇಲೆ ಮೈ ಕೊರೆಯುತ್ತದೆ. ಬೂಟು ಒಂದು ಅಳತೆ ದೊಡ್ಡದು ಕೇಳಿ. ಬೆರಳು ಆಡಿಸಲು ಜಾಗ ಇರಬೇಕು. ಎರಡೆರಡು ಕಾಲುಚೀಲ ತುರುಕಿ ಬಿಗಿಯಾದರೆ ರಕ್ತ ಹರಿಯದೆ ಇನ್ನೂ ಚಳಿಯಾಗುತ್ತದೆ. ಐದು ಬೆರಳಿನ ಗವಸಿಗಿಂತ ಬೆರಳೆಲ್ಲ ಒಟ್ಟಿಗೆ ಇರುವ ಗವಸು ಬೆಚ್ಚಗೆ.

ಬಳೆ ತೆಗೆದಿಡುವುದು ಒಳ್ಳೆಯದು, ಗವಸಿನ ಮಣಿಕಟ್ಟು ಸರಿಯಾಗಿ ಕೂರುವುದಿಲ್ಲ. ಮೂಗುತಿ ತೆಗೆಯಲು ಮನಸ್ಸಿಲ್ಲದಿದ್ದರೆ ಮೂಗು ಮುಚ್ಚುವ ಹಾಗೆ ಉಣ್ಣೆಯ ಕೊರಳಪಟ್ಟಿ ಏರಿಸಿಕೊಳ್ಳಲಿ. ಲೋಹ ಬೇಗ ತಣ್ಣಗಾಗಿ ಚರ್ಮ ಸುಡುತ್ತದೆ. ಒಬ್ಬರ ಮುಖ ಒಬ್ಬರು ಆಗಾಗ ನೋಡಿಕೊಳ್ಳಿ. ಕೆನ್ನೆ, ಮೂಗಿನ ತುದಿಯಲ್ಲಿ ಬಿಳಿ ಮಚ್ಚೆ ಕಂಡರೆ ತಕ್ಷಣ ಬೆಚ್ಚಗಿನ ಅಂಗೈ ಒತ್ತಿ ಹಿಡಿಯಬೇಕು. ಉಜ್ಜಬಾರದು. ಫೋನ್ ಒಳಜೇಬಿನಲ್ಲಿರಲಿ, ಹೊರಗಿಟ್ಟರೆ ಬ್ಯಾಟರಿ ಸತ್ತೇಹೋಗುತ್ತದೆ.

ಎಸ್ಪೂ ವಾಸಿ

ಉಡುಪಿನ ವಿಷಯ ನಾನು ಹೇಳುತ್ತೇನೆ, ಯಾಕೆಂದರೆ ಇದು ಅಲ್ಲಿನವರಿಗೆ ನಿಜಕ್ಕೂ ನೋವಿನ ಸಂಗತಿ.

ಆ ಉಡುಪಿನ ಹೆಸರು ಗಾಕ್ತಿ. ಅದರ ಪಟ್ಟಿ, ಬಣ್ಣ, ಕಸೂತಿ ನೋಡಿದರೆ ಬಲ್ಲವರಿಗೆ ಅದು ಯಾವ ಸೀಮೆಯದು, ಎಷ್ಟೋ ಸಲ ಯಾವ ಮನೆತನದ್ದು ಅಂತ ಗೊತ್ತಾಗುತ್ತದೆ. ಫಿನ್ಲೆಂಡಿನ ಪ್ರವಾಸೋದ್ಯಮದಲ್ಲಿ ಬಹಳ ವರ್ಷ ಸಾಮಿ ಅಲ್ಲದವರಿಗೆ ನಕಲಿ ಗಾಕ್ತಿ ತೊಡಿಸಿ ನಿಲ್ಲಿಸುತ್ತಿದ್ದರು. ಇದರ ವಿರುದ್ಧ ಸಾಮಿ ಯುವಕರು ದನಿ ಎತ್ತಿದರು. 2018ರಲ್ಲಿ ಫಿನ್ಲೆಂಡಿನ ಸಾಮಿ ಸಂಸತ್ತು ಪ್ರವಾಸೋದ್ಯಮಕ್ಕೆ ನೀತಿಸೂತ್ರಗಳನ್ನೇ ಮಾಡಿತು. ನಕಲಿ ಉಡುಪು, ಕಟ್ಟುಕಥೆಯ ಮಂತ್ರವಾದಿ ಸಮಾರಂಭ, ಕೇಳದೆ ಫೋಟೋ, ಇಂಥವನ್ನೆಲ್ಲ ನಿಲ್ಲಿಸಿ ಅನ್ನುವುದು ಅದರ ಸಾರ. ವೇಷ ಹಾಕಿಸುವ ಟೂರ್ ಬೇಡ ಅಕ್ಕ.

ಯೋಯಿಕ್ ಹಾಡುವುದೂ ಹೀಗೇ. ಒಬ್ಬ ವ್ಯಕ್ತಿಯನ್ನೋ ಒಂದು ಬೆಟ್ಟವನ್ನೋ ಪ್ರಾಣಿಯನ್ನೋ ನೆನೆದು ಹಾಡುವ ಹಾಡು ಅದು. ಬೆಂಕಿ ಮುಂದೆ ಕೂತಾಗ ಯಾರಾದರೂ ಹಾಡಿದರೆ ಕೇಳಿಸಿಕೊಳ್ಳಿ. ರೆಕಾರ್ಡ್ ಮಾಡುವ ಮೊದಲು ಕೇಳಿ.

ಜೊತೆಗೆ ಒಂದು ಮಾತು. ಫಿನ್ಲೆಂಡಿನಲ್ಲಿ ಹಿಮಸಾರಂಗ ಸಾಕುವವರೆಲ್ಲ ಸಾಮಿಗಳಲ್ಲ. ನಾರ್ವೆ, ಸ್ವೀಡನ್ನಿನಲ್ಲಿ ಅದು ಬಹುತೇಕ ಸಾಮಿ ಜನರ ಹಕ್ಕು. ಇಲ್ಲಿ ಫಿನ್ನರೂ ತಲೆಮಾರುಗಳಿಂದ ಸಾಕಿಕೊಂಡು ಬಂದಿದ್ದಾರೆ. ಅವರ ಮನೆಗೆ ಹೋದರೆ ಅದೂ ನಿಜವಾದ ಕಸುಬೇ. ತಮ್ಮದಲ್ಲದ ಹೆಸರಿನಲ್ಲಿ ಮಾರದಿದ್ದರೆ ಸಾಕು.

ಕ್ಯಾಮೆರಾ ಚೀಲ

ಈ ವಿಷಯ ನನಗೆ ಹೊಸದು. ಇದನ್ನು ಓದಿದ ಮೇಲೆ ನನ್ನ ಸ್ನೇಹಿತರಿಗೂ ಕಳಿಸಿದ್ದೇನೆ. ಆದರೆ ನಾಯಿಬಂಡಿಯ ಪರ ನನ್ನ ವಾದ ಹಾಗೇ ಇದೆ!

ತುಂಗಾತೀರ ಅವರೇ, ಟೂರ್ ಮುಗಿದ ಮೇಲೋ ಮೊದಲೋ ಇನಾರಿಯ ಸೀಡಾ ಅನ್ನುವ ಸಾಮಿ ಮ್ಯೂಸಿಯಂ ತಪ್ಪಿಸಬೇಡಿ. 2022ರಲ್ಲಿ ಹೊಸ ಪ್ರದರ್ಶನ ತೆರೆದರು, 2024ರಲ್ಲಿ ಯುರೋಪಿನ ವರ್ಷದ ಮ್ಯೂಸಿಯಂ ಪ್ರಶಸ್ತಿ ಬಂತು. ಹೆಲ್ಸಿಂಕಿಯ ರಾಷ್ಟ್ರೀಯ ಮ್ಯೂಸಿಯಂ ತನ್ನಲ್ಲಿದ್ದ ಎರಡು ಸಾವಿರಕ್ಕೂ ಹೆಚ್ಚು ಸಾಮಿ ವಸ್ತುಗಳನ್ನು 2021ರಲ್ಲಿ ಅವರಿಗೇ ಹಿಂತಿರುಗಿಸಿತು. ಹಿಮಸಾರಂಗ ಎಳೆಯುತ್ತಿದ್ದ ದೋಣಿಯಾಕಾರದ ಹಳೆಯ ಸ್ಲೆಡ್ಜ್ ಹೇಗಿತ್ತು, ಬಲೆ ಹೇಗಿತ್ತು ಅಂತ ಮೊದಲೇ ನೋಡಿಕೊಂಡು ಹೋದರೆ ಟೂರ್‌ನಲ್ಲಿ ಕೇಳಲು ಒಳ್ಳೆಯ ಪ್ರಶ್ನೆಗಳು ಹುಟ್ಟುತ್ತವೆ.

ಹಾಸನದ ಹುಡುಗ

ಡಿಸೆಂಬರ್‌ಗಿಂತ ಮಾರ್ಚ್ ವಾಸಿಯಾ? ನಾನೂ ಯೋಚನೆ ಮಾಡುತ್ತಿದ್ದೇನೆ.

ಎಸ್ಪೂ ವಾಸಿ

ಇಂಥ ಟೂರ್‌ಗೆ ಮಾರ್ಚ್. ಇನಾರಿಯಲ್ಲಿ ಡಿಸೆಂಬರ್ ಆರಂಭದಿಂದ ಜನವರಿ ಎರಡನೇ ವಾರದ ಹತ್ತಿರದವರೆಗೆ ಸೂರ್ಯ ಹುಟ್ಟುವುದೇ ಇಲ್ಲ. ನಡುಹಗಲಲ್ಲಿ ಕೆಲವು ಗಂಟೆ ನೀಲಿ ಬೆಳಕು ಇರುತ್ತದೆ. ಅದರ ಚೆಂದ ಬೇರೆ. ಆದರೆ ಕೆಲಸ ನೋಡಲು, ಮಾಡಲು ಮಾರ್ಚ್ ಆರಂಭದ ಸುಮಾರು ಹತ್ತು ಗಂಟೆಯ ಬೆಳಕು ಬೇಕು. ಹಿಮ ಆಗಲೂ ತುಂಬಿರುತ್ತದೆ. ಮಾರ್ಚ್ ಕೊನೆ ಅಥವಾ ಏಪ್ರಿಲ್ ಆರಂಭಕ್ಕೆ ಹೋದರೆ ಇನಾರಿ ಸರೋವರದ ಮೇಲೆ ಹಿಮಸಾರಂಗ ಓಟದ ಅಂತಿಮ ಪಂದ್ಯವೂ ಸಿಗುತ್ತದೆ. ಓಡುವ ಹಿಮಸಾರಂಗದ ಹಿಂದೆ ಸವಾರ ಸ್ಕೀ ಕಟ್ಟಿಕೊಂಡು ಜಾರುತ್ತಾನೆ. ಇಡೀ ಊರು ಅಲ್ಲಿರುತ್ತದೆ.

ತುಂಗಾತೀರ

ನಮ್ಮ ರಜೆ ಮೊದಲ ವಾರವೇ, ಬದಲಿಸಲು ಆಗುವುದಿಲ್ಲ. ನಿಮ್ಮೆಲ್ಲರ ಮಾತು ಕೇಳಿ ನಿರ್ಧಾರ ಮಾಡಿದೆವು. ಒಂದು ಮನೆತನದವರು ಹಿಮಸಾರಂಗವನ್ನೂ ಸಾಕುತ್ತಾರೆ, ಚಳಿಗಾಲದಲ್ಲಿ ಬಲೆಯನ್ನೂ ಹಾಕುತ್ತಾರೆ. ಬೆಳಿಗ್ಗೆ ಮೇವು ಹಾಕುವುದು, ಮಧ್ಯಾಹ್ನ ಬಲೆ ನೋಡುವುದು, ನಡುವೆ ಲಾವ್ವುವಿನಲ್ಲಿ ಊಟ. ತರಕಾರಿ ಸೂಪ್ ಮಾಡುತ್ತೇವೆ ಅಂತ ಉತ್ತರವೂ ಬಂತು. ಸ್ಲೆಡ್ಜ್ ಸವಾರಿ ಅದರಲ್ಲಿ ಇಲ್ಲ, ನಮಗೂ ಬೇಜಾರಿಲ್ಲ.

ಮಂಡಿನೋವು ಇರುವವರು ಸರೋವರಕ್ಕೆ ಹೋಗುವುದು ಹೇಗೆ? ಸ್ನೋಮೊಬೈಲ್ ಹಿಂದಿನ ಗಾಡಿಯಲ್ಲಿ ಅಂದಿದ್ದಾರೆ.

ಗಂಗೊಳ್ಳಿ ಅಲೆ

ಒಳ್ಳೆಯ ಆಯ್ಕೆ ಅಕ್ಕ. ಗಾಡಿ ಎರಡು ಥರ ಇರುತ್ತದೆ. ಒಂದು ನೆಲಮಟ್ಟದ್ದು, ಕಾಲು ಚಾಚಿ ಕೂರಬೇಕು. ಇನ್ನೊಂದರಲ್ಲಿ ಬೆಂಚಿನ ಹಾಗೆ ಎತ್ತರದ ಆಸನ. ಅಮ್ಮನಿಗೆ ಎರಡನೆಯದೇ ಬೇಕು ಅಂತ ಈಗಲೇ ಬರೆದು ಕೇಳಿ. ನೆಲಮಟ್ಟದ್ದರಿಂದ ದಪ್ಪ ಓವರಾಲ್ ಹಾಕಿಕೊಂಡು ಏಳುವುದು ಮಂಡಿಗೆ ಕಷ್ಟ. ಗಾಡಿ ಕುಲುಕುತ್ತದೆ, ಬೆನ್ನ ಹಿಂದೆ ಒಂದು ಮಡಿಸಿದ ಶಾಲು ಇರಲಿ. ಎದುರುಗಾಳಿಗೆ ಕಣ್ಣಲ್ಲಿ ನೀರು ಬರುತ್ತದೆ, ಕನ್ನಡಕ ಇದ್ದರೆ ಉಸಿರಿಗೆ ಮಂಜು ಕಟ್ಟುತ್ತದೆ. ಮುಖ ಮುಚ್ಚುವ ದೊಡ್ಡ ಗಾಳಿಗನ್ನಡಕ ಕೇಳಿದರೆ ಕೊಡುತ್ತಾರೆ.

ಬಲೆ ಎಳೆಯುವ ತೂತಿನ ಸುತ್ತ ನೀರು ಚೆಲ್ಲಿ ಐಸ್ ನುಣ್ಣಗಾಗಿರುತ್ತದೆ. ಅಮ್ಮ ಅಲ್ಲಿ ನಿಲ್ಲುವುದು ಬೇಡ. ತೂತಿನಿಂದ ಸ್ವಲ್ಪ ಆಚೆ ಸ್ಟೂಲು ಹಾಕಿಸಿಕೊಂಡು, ಮೇಲೆ ಹಿಮಸಾರಂಗದ ಚರ್ಮ ಹಾಸಿ ಕೂರಲಿ. ಅಲ್ಲಿಂದ ಎಲ್ಲ ಕಾಣುತ್ತದೆ. ಒಂದು ಥರ್ಮಾಸ್ ತುಂಬ ಬಿಸಿ ಕಷಾಯ ಇಟ್ಟುಕೊಳ್ಳಿ. ಗವಸು ಹಾಕಿಕೊಂಡೇ ತೆರೆಯಲು ಬರುವಂಥ ಮುಚ್ಚಳ ಇರಲಿ.